ಬಾಯಿದಾರ

ಚೆಲುವಿಯ ತಲೆ ಬಾಚುವಾಗ ಅದು ನನ್ನ ಕಣ್ಣಿಗೆ ಬಿತ್ತು. ಎಣ್ಣೆ ಹಚ್ಚಿ, ಕೂದಲನ್ನು ಎರಡು ಪಾಲು ಮಾಡಿ, ಬೈತಲೆಯನ್ನು ಹಿಂದಿನವರೆಗೂ ಎಳೆದಾಗ, ಕುತ್ತಿಗೆ ಶುರುವಾಗುವಲ್ಲಿ ಅವರೆಕಾಳಿನಷ್ಟು ಅಗಲದ ಒಂದು ತೂತು. ರಕ್ತ ಇರಲಿಲ್ಲ. ನಮ್ಮೂರಿನಲ್ಲಿ ಹಾಗೆ ಹರಿದ ಕಡೆ ರಕ್ತ ಬರುವುದಿಲ್ಲ, ನೋವೂ ಇರುವುದಿಲ್ಲ. ಬಗ್ಗಿ ಕಣ್ಣಿಟ್ಟು ನೋಡಿದೆ. ಮಗಳು ನನಗೂ ಎದುರಿನ ಗೋಡೆಗೂ ನಡುವೆ ಕೂತಿದ್ದಳು. ತೂತಿನೊಳಗಿಂದ ಗೋಡೆಯ ಮೇಲಿನ ಕ್ಯಾಲೆಂಡರು ಕಂಡಿತು, ಭಾನುವಾರದ ಕೆಂಪು ಅಂಕಿಯ ಸಮೇತ. ನಮ್ಮಲ್ಲಿ ಚರ್ಮ ಹೊರಗಿನಿಂದ ಮಾತ್ರ ಕಾಣುವುದು, ಒಳಗಿನಿಂದ ನೋಡಿದರೆ ನೇರ ಆಚೆಯದೇ ಕಾಣುತ್ತದೆ. ಅವಳು ಮಗ್ಗಿ ಹೇಳುತ್ತಿದ್ದಳು. ದನಿ ಬಾಯಿಂದಲೂ ಬರುತ್ತಿತ್ತು, ತೂತಿನಿಂದಲೂ ಬರುತ್ತಿತ್ತು. ತೂತಿನಿಂದ ಬಂದದ್ದು ಖಾಲಿ ಕೊಡದೊಳಗೆ ಯಾರೋ ಮಾತಾಡಿದ ಹಾಗಿತ್ತು.

"ಯಾಕವ್ವಾ ನಿಲ್ಲಿಸ್ದೆ?" ಎಂದಳು.

ಸಿಕ್ಕು ಇದೆ ಎಂದೆ. ಅಷ್ಟರಲ್ಲಿ ಅವಳು ಸೀನಿದಳು. ಹಿಂದಿನ ದಿನದಿಂದ ನೆಗಡಿಯಾಗಿತ್ತು. ನನ್ನ ಕಣ್ಣೆದುರಿಗೇ ತೂತಿನ ಅಂಚಿನಲ್ಲಿ ಒಂದು ಸಣ್ಣ ತ್ರಿಕೋನ ಸಡಿಲವಾಗಿ, ಒಣಗಿದ ಸುಣ್ಣದ ಹಕ್ಕಳೆಯಂತೆ ಎದ್ದು, ಉದುರಿಹೋಯಿತು. ನೆಲದ ಮೇಲೆ ಹುಡುಕಿದೆ, ಸಿಗಲಿಲ್ಲ. ಉದುರಿದ್ದು ಎಂದೂ ಸಿಗುವುದಿಲ್ಲ. ಎರಡು ಜಡೆ ಹಾಕಬೇಕಾದವಳು ಒಂದೇ ಜಡೆ ಹೆಣೆದು, ಅದು ತೂತಿನ ಮೇಲೆ ಬೀಳುವ ಹಾಗೆ ಇಳಿಬಿಟ್ಟೆ. ಆಡಿಕೋ ಹೋಗು ಎನ್ನಲು ಬಾಯಿ ತೆರೆದವಳು, ಬೇಡ, ಇಲ್ಲೇ ನನ್ನ ಹತ್ತಿರ ಕೂತಿರು ಎಂದೆ.

ನಮ್ಮೂರಿನಲ್ಲಿ ಎಲ್ಲವೂ ತ್ರಿಕೋನಗಳಿಂದಲೇ ಆಗಿರುವುದು. ಬೇರೆ ಊರುಗಳ ವಿಷಯ ನನಗೆ ಗೊತ್ತಿಲ್ಲ. ಎಳೆಬಿಸಿಲು ಓರೆಯಾಗಿ ಬಿದ್ದಾಗ ಕೆನ್ನೆಯ ಮೇಲೆ, ತಂಬಿಗೆಯ ಹೊಟ್ಟೆಯ ಮೇಲೆ, ಹಸುವಿನ ಬೆನ್ನಿನ ಮೇಲೆ ಒಂದಕ್ಕೊಂದು ಕೂಡಿಕೊಂಡ ಸಣ್ಣ ಸಣ್ಣ ಮುಖಗಳು ಮಿನುಗುತ್ತವೆ. ಅವನ್ನೂ ಮುಖ ಎಂದೇ ಕರೆಯುವುದು. ಬಾಣಂತಿಯನ್ನು ನೋಡಲು ಬಂದವರು ಕೂಸಿನ ಮುಖದಲ್ಲಿ ಎಷ್ಟು ಮುಖ ಎಂದು ಕೇಳುತ್ತಾರೆ, ಆದರೆ ಯಾರೂ ಎಣಿಸುವುದಿಲ್ಲ, ಎಣಿಸಿದರೆ ದೃಷ್ಟಿಯಾಗುತ್ತದೆ. ಗುಬ್ಬಚ್ಚಿಗೆ ಕೆಲವೇ ಮುಖ, ಹಿಡಿದರೆ ಅಂಗೈಗೆ ಮೊನೆ ಚುಚ್ಚುತ್ತದೆ. ಊರಾಚೆಯ ಗುಡ್ಡಕ್ಕೆ ಇಲ್ಲಿಂದ ನೋಡಿದರೆ ಮೂರೋ ನಾಲ್ಕೋ. ಹತ್ತಿರ ಹೋದ ಹಾಗೆ ಬಂಡೆ, ಪೊದೆ, ಹುತ್ತ ಎಲ್ಲ ಒಂದೊಂದಾಗಿ ಹುಟ್ಟಿಕೊಳ್ಳುತ್ತವೆ. ಇದಕ್ಕೆಲ್ಲ ನಾವು ಹೊಂದಿಕೊಂಡಿದ್ದೇವೆ. ಹೊಂದಿಕೊಳ್ಳಲು ಆಗದ್ದು ತೂತು ಒಂದಕ್ಕೇ. ನಾನು ಚಿಕ್ಕವಳಿದ್ದಾಗ ನಮ್ಮ ಬೀದಿಯ ಅಗಸಗಿತ್ತಿಯೊಬ್ಬಳು ಸೊಂಟದ ಹರಕನ್ನು ಸೆರಗಿನಲ್ಲಿ ಮುಚ್ಚಿಕೊಂಡು ಓಡಾಡುತ್ತಿದ್ದಳು. ಒಂದು ಬೆಳಿಗ್ಗೆ ಬಟ್ಟೆ ಹಿಂಡುವಾಗ ಅದು ಸೊಂಟದ ಸುತ್ತಲೂ ಹರಿದು ಎರಡು ಕೊನೆಗಳೂ ಕೂಡಿದವು. ತಂತಿಯಿಂದ ಜಾರಿದ ಸೀರೆಯ ಹಾಗೆ ಅವಳು ಕುಸಿದು ಕಲ್ಲಿನ ಮೇಲೆ ಬಿದ್ದಳು. ಎತ್ತಲು ಹೋದವರ ಕೈಗೆ ಏನೂ ಸಿಗಲಿಲ್ಲ.

ಹರಿದದ್ದನ್ನು ಸರಿಮಾಡಿಸಲು ಜಾಲರಿ ಆಫೀಸಿಗೆ ಹೋಗಬೇಕು. ನಮ್ಮೆಲ್ಲರ ಆಕಾರಗಳೂ ಅಲ್ಲಿಯ ಕಂಪ್ಯೂಟರಿನಲ್ಲಿ ತ್ರಿಕೋನಗಳ ಜಾಲರಿಯಾಗಿ ಇವೆ, ಜೊತೆಗೆ ಒಂದು ಲೈಬ್ರರಿ ಇದೆ. ಅದರಲ್ಲಿ ಪುಸ್ತಕಗಳಿಲ್ಲ, ಬರಿಯ ಫೈಲುಗಳು, ಅವೂ ಕೈಗೆ ಸಿಗುವಂಥವಲ್ಲ. ಒಂದೊಂದು ಫೈಲಿಗೆ ಒಂದೊಂದೇ ಕೆಲಸ ಗೊತ್ತು. ಮದುವೆ ಮನೆಯಲ್ಲಿ ಒಬ್ಬಳು ಕಾಯಿ ತುರಿಯಲು, ಒಬ್ಬಳು ಒಗ್ಗರಣೆ ಹಾಕಲು ಕಾದು ಕೂತಿರುವ ಹಾಗೆ, ಕರೆದಾಗ ಎದ್ದು ಬಂದು ತಮ್ಮ ಕೆಲಸ ಮುಗಿಸಿ ಹೋಗುತ್ತವೆ. ಉಬ್ಬುತಗ್ಗು ತೀಡಿ ನಯ ಮಾಡುವ ಫೈಲಿಗೆ ನಮ್ಮ ಹೆಂಗಸರು ನುಣುಪಮ್ಮ ಎಂದು ಹೆಸರಿಟ್ಟಿದ್ದಾರೆ. ಒಳಮೈ ಹೊರಗಾಗಿ ಮಗುಚಿಕೊಂಡದ್ದನ್ನು ತಿರುಗಿಸುವವಳು ಮಗುಚಮ್ಮ. ಮುಖಗಳನ್ನು ಕಡಿಮೆ ಮಾಡಿ ಹಗುರ ಮಾಡುವವಳು ಕಳೆಯಮ್ಮ, ಅವಳ ಹೆಸರನ್ನು ಊಟದ ಹೊತ್ತಿಗೆ ಯಾರೂ ಎತ್ತುವುದಿಲ್ಲ. ತೂತು ಹೊಲಿಯುವವಳು ಹೊಲಿಗಮ್ಮ. ಎಲ್ಲರಿಗಿಂತ ಹೆಚ್ಚು ಅರಿಶಿನ ಕುಂಕುಮ ಅವಳಿಗೇ, ಆಫೀಸಿನ ಹೊಸ್ತಿಲಿನ ಬಣ್ಣವೇ ಬದಲಾಗಿಹೋಗಿದೆ.

ಹೊಲಿಗಮ್ಮನಿಗೆ ಹರಿದ ತೂತು ಯಾವುದು, ಇರಬೇಕಾದ ತೂತು ಯಾವುದು ಎಂದು ತಿಳಿಯುವುದಿಲ್ಲ. ಕೊಡದ ತಳದಲ್ಲಿ ಬಿದ್ದ ತೂತೂ ಕೊಡದ ಬಾಯಿಯೂ ಅವಳಿಗೆ ಒಂದೇ. ಅದಕ್ಕೇ ನಮ್ಮಲ್ಲಿ ಹಿಂದಿನಿಂದ ಬಂದದ್ದು ಬಾಯಿದಾರ. ಹತ್ತಿಯ ದಾರವನ್ನು ಅರಿಶಿನದಲ್ಲಿ ನೆನೆಸಿ, ಅನ್ನದ ಗಂಜಿಯಲ್ಲಿ ಅದ್ದಿ, ಉಳಿಯಬೇಕಾದ ಬಾಯಿಯ ಅಂಚಿನ ಸುತ್ತ ಅಂಟಿಸುತ್ತೇವೆ. ಪಾತ್ರೆಯಾದರೆ ಬಾಯಿಗೆ, ಮಕ್ಕಳಾದರೆ ಹರಕಿಗೆ ಹತ್ತಿರವಿರುವ ಕಿವಿಗೋ ಮೂಗಿಗೋ. ಅಂಟಿಸಿದರೂ ಹೇಳುವುದು ದಾರ ಕಟ್ಟುವುದು ಎಂದೇ. ದಾರ ಕಟ್ಟಿದ ಅಂಚನ್ನು ಹೊಲಿಗಮ್ಮ ಬಿಟ್ಟು, ಮಿಕ್ಕಿದ್ದನ್ನು ಹೊಲಿಯುತ್ತಿದ್ದಳು. ಮೊಣಕೈ ಹರಿದಾಗ, ಹಿಮ್ಮಡಿ ಹರಿದಾಗ ನನ್ನ ತಾಯಿ ನನ್ನನ್ನು ಮುಂದೆ ಕೂರಿಸಿಕೊಂಡು ಕಿವಿಗೆ ಕಟ್ಟುತ್ತಿದ್ದಳು. ಅಷ್ಟು ದೂರದ ಕಿವಿಗೆ ಯಾಕೆ ಎಂದು ಕೇಳಿದರೆ, ಇರಲಿ, ನನ್ನ ಸಮಾಧಾನಕ್ಕೆ ಎನ್ನುತ್ತಿದ್ದಳು.

ಹೋದ ವರ್ಷ ಹಳೆಯ ಫೈಲುಗಳನ್ನೆಲ್ಲ ತೆಗೆದು ಹೊಸ ಲೈಬ್ರರಿ ಹಾಕಿದರು. ಹಳೆಯ ಆಪರೇಟರು ಕಣ್ಣು ಮಂಜಾಗಿ ಕೆಲಸ ಬಿಟ್ಟರು, ಅವರ ಜಾಗಕ್ಕೆ ಬೇರೆ ಊರಿಂದ ಶರ್ವಾಣಿ ಎಂಬ ಹುಡುಗಿ ಬಂದಳು. ಬಾಗಿಲ ಪಕ್ಕ ಒಂದು ಬೋರ್ಡು ಬಂತು: "ಕಟ್ಟಬೇಕಾದ ಅಂಚುಗಳಿಗೆ ಮೊದಲೇ ಗುರುತು ಮಾಡಿಕೊಂಡು ಬನ್ನಿ." ಓದಿ ನಮಗೆಲ್ಲ ಸಂತೋಷವಾಯಿತು. ಇಷ್ಟು ಕಾಲ ಹೆಂಗಸರ ಮೂಢನಂಬಿಕೆ ಎಂದು ನಗುತ್ತಿದ್ದ ಆಫೀಸೇ ಕೊನೆಗೆ ದಾರ ಕಟ್ಟಿಕೊಂಡು ಬನ್ನಿ ಎಂದು ಬಾಯಿಬಿಟ್ಟು ಕೇಳಿತಲ್ಲ ಎಂದು.

ಮೊದಲು ಹೋದದ್ದು ಪಕ್ಕದ ಮನೆಯ ದೊಡ್ಡತಾಯವ್ವನ ಕೊಡ. ತಳ ಸೋರುತ್ತಿತ್ತು. ವಾಪಸು ಬಂದಾಗ ಬಾಯಿ ಮುಚ್ಚಿಹೋಗಿತ್ತು, ಸೋರುವುದು ಹಾಗೇ ಇತ್ತು. "ಹೊಲಿಗಮ್ಮನ ಕಣ್ಣಿಗೆ ಅದೇನು ಪೊರೆ ಬಂತೋ, ಅಂಡು ಬಿಟ್ಟು ಬಾಯಿ ಹೊಲ್ದವ್ಳೆ," ಎಂದು ದೊಡ್ಡತಾಯವ್ವ ಬೀದಿಗೆಲ್ಲ ತೋರಿಸಿಕೊಂಡು ನಕ್ಕಳು. ಆ ಕೊಡವನ್ನು ತಲೆಕೆಳಗು ಮಾಡಿ, ಸೋರುವ ತೂತಿನಿಂದಲೇ ನೀರು ತುಂಬುತ್ತಿದ್ದಳು. ಆಮೇಲೆ ವಾಲಗದವರ ವಾಲಗ ಹೋಯಿತು. ಸೀಳು ಬಿಟ್ಟಿದ್ದಕ್ಕೆ ಕೊಟ್ಟರೆ, ಬೆರಳಿಡುವ ಒಂದೊಂದು ತೂತೂ ಮುಚ್ಚಿ, ಸೀಳು ಮಾತ್ರ ಉಳಿದ ಮರದ ಕೊರಡು ಬಂತು. ಅದಕ್ಕೂ ನಕ್ಕೆವು. ನಗು ನಿಂತದ್ದು ಇಂದ್ರಿ ಬಂದ ದಿನ.

ಇಂದ್ರಿ ದೊಡ್ಡತಾಯವ್ವನ ಮೊಮ್ಮಗಳು, ನನ್ನ ಚೆಲುವಿಯ ಜೊತೆಗಾತಿ. ದವಡೆಯ ಹತ್ತಿರ ಹರಿದಿತ್ತು. ಅಜ್ಜಿಯೇ ಕೂತು, ಕನ್ನಡಕ ಹಾಕಿಕೊಂಡು, ಎರಡೂ ಕಿವಿಗೆ ನೀಟಾಗಿ ದಾರ ಕಟ್ಟಿ ಕಳಿಸಿದ್ದಳು. ಹುಡುಗಿ ಹೊರಗೆ ಬಂದಾಗ ಕಿವಿಯೊಳಗಿನ ದಾರಿ ಸೌಟಿನ ಬೆನ್ನಿನಂತೆ ನುಣ್ಣಗೆ ಮುಚ್ಚಿತ್ತು. ಹರಕು ಮಾತ್ರ ಮೊದಲಿದ್ದ ಹಾಗೇ ಉಳಿದಿತ್ತು. ಕರೆದರೆ ತಿರುಗಲಿಲ್ಲ. ಈಗಲೂ ಅವಳು ಅಂಗಳದಲ್ಲಿ ಕೂತು ನಮ್ಮ ತುಟಿಗಳನ್ನೇ ನೋಡುತ್ತಾಳೆ. ಸರಿಯಾಗಿ ಕಟ್ಟಿರಲಿಲ್ಲವೇನೋ ಎಂದು ಬೀದಿಯವರು ಅಂದುಕೊಂಡರು. ಆಮೇಲೆ ಹೋದ ಮಕ್ಕಳಿಗೆ ತಾಯಂದಿರು ಎರಡೆರಡು ಸುತ್ತು ಕಟ್ಟಿದರು. ಎರಡು ಸುತ್ತು ಕಟ್ಟಿದ್ದು ಇನ್ನೂ ಗಟ್ಟಿಯಾಗಿ ಮುಚ್ಚಿಕೊಂಡು ಬಂತು. ಹೊಲಿಗಮ್ಮ ಮುನಿದಿದ್ದಾಳೆ ಎಂದರು. ಯಾರೂ ಶರ್ವಾಣಿಯನ್ನು ಕೇಳಲಿಲ್ಲ. ಅವಳು ಗಾಜಿನ ಹಿಂದೆ ಇರುತ್ತಿದ್ದಳು, ಮತ್ತು ಅಮ್ಮನ ಮೇಲಿನ ದೂರನ್ನು ಅಮ್ಮನ ಬಾಗಿಲಲ್ಲೇ ನಿಂತು ಹೇಳುವುದು ಹೇಗೆ? ಹೊಸ್ತಿಲಿಗೆ ಇನ್ನಷ್ಟು ಅರಿಶಿನ ಹಾಕಿ, ಮುಚ್ಚಿದ ಮಕ್ಕಳನ್ನು ಎತ್ತಿಕೊಂಡು ಬಂದರು.

ಆ ದಿನಗಳಲ್ಲಿ ಸರಿಯಾಗಿ ಬಂದವನು ಒಬ್ಬನೇ, ಗಾಡಿ ಹೊಡೆಯುವ ಬೊಮ್ಮಣ್ಣ. ಅವನ ಮೊಣಕಾಲು ಹರಿದು ನೇತಾಡುತ್ತಿತ್ತು. ಹೆತ್ತವರಿಲ್ಲ, ಹೆಂಡತಿಯಿಲ್ಲ, ಬಾಯಿದಾರ ಕಟ್ಟುವವರು ಯಾರೂ ಇರಲಿಲ್ಲ. ಹರಕು ಅಗಲವಾಗದಿರಲಿ ಎಂದು ಎತ್ತಿನ ಮೂಗುದಾರದ ತುಂಡನ್ನೇ ಮೊಣಕಾಲಿಗೆ ಸುತ್ತಿಕೊಂಡು ಕುಂಟುತ್ತ ಹೋದವನು, ನಡೆದುಕೊಂಡು ಬಂದ. ತಾಯಿ ಇಲ್ಲದವರ ಮೇಲೆ ಹೊಲಿಗಮ್ಮನಿಗೆ ಕನಿಕರ ಎಂದು ಊರು ಹೇಳಿತು. ನಾನೂ ನಂಬಿದೆ.

ಚೆಲುವಿಯ ತೂತನ್ನು ನನ್ನ ಗಂಡನಿಗೆ ತೋರಿಸಿದಾಗ ಅದು ನಿಂಬೆಹಣ್ಣಿನಷ್ಟಾಗಿತ್ತು. ಅವರು ಹಿಟ್ಟಿನ ಗಿರಣಿಯಲ್ಲಿ ಕೆಲಸ ಮಾಡುವವರು, ಹೆಸರು ಕಾಳಿಂಗಯ್ಯ, ಮಗಳ ಮುಂದೆ ದನಿ ಎತ್ತಿದ್ದನ್ನು ನಾನು ಕಂಡಿಲ್ಲ. ಹಿಟ್ಟಿನ ಕೈಯನ್ನು ಪಂಚೆಗೆ ಒರೆಸಿಕೊಂಡು ಅವಳ ಜಡೆಯನ್ನು ಎತ್ತಿ ನೋಡಿದರು, ಮತ್ತೆ ಮೆಲ್ಲಗೆ ಇಳಿಸಿದರು. ಅವಳನ್ನು ನಗಿಸಬೇಡ ಎಂದು ಮಾತ್ರ ಹೇಳಿದರು. ನಗಿಸುವುದು ನಿಲ್ಲಿಸಬಹುದು, ನೆಗಡಿಯನ್ನು ನಿಲ್ಲಿಸುವುದು ಹೇಗೆ? ಕಾಳುಮೆಣಸಿನ ಕಷಾಯ ಮಾಡಿದೆ, ಓಂಕಾಳಿನ ಬಿಸಿ ಗಂಟನ್ನು ಮೂಗಿಗೆ ಹಿಡಿದೆ. ಒಲೆಯ ಮುಂದಿದ್ದಾಗ, ಬಾವಿಕಟ್ಟೆಯಲ್ಲಿದ್ದಾಗ, ಎಲ್ಲಿದ್ದರೂ ಕಿವಿ ಅವಳ ಕಡೆಗೇ. ಪ್ರತಿ ಸೀನಿಗೂ ಓಡಿಹೋಗಿ ಜಡೆ ಎತ್ತಿ ನೋಡುತ್ತಿದ್ದೆ. ಪ್ರತಿ ಸಲವೂ ಆಚೆಯ ಗೋಡೆ ಇನ್ನಷ್ಟು ಕಾಣುತ್ತಿತ್ತು.

ಕರೆದುಕೊಂಡು ಹೋಗೋಣ ಎಂದು ಅವರು, ಇನ್ನೂ ಸ್ವಲ್ಪ ನೋಡೋಣ ಎಂದು ನಾನು. ಇಂದ್ರಿಯ ಹಾಗೆ ಕಿವಿ ಮುಚ್ಚಿ ಕಳಿಸಿದರೆ ಎಂದೆ.

"ಕಿವಿ ಇಲ್ದೆ ಬದುಕ್ತಾಳೆ ಕಣೆ," ಎಂದರು. "ಮೈ ಇಲ್ದೆ ಬದುಕ್ತಾಳಾ?"

ದೊಡ್ಡತಾಯವ್ವ ಒಂದು ಉಪಾಯ ಹೇಳಿದಳು. ನೀನು ಬರಬೇಡ, ನಾನು ಕರೆದುಕೊಂಡು ಹೋಗಿ ತಾಯಿಯಿಲ್ಲದ ತಬ್ಬಲಿ ಎಂದು ಹೊಸ್ತಿಲಲ್ಲಿ ಹೇಳುತ್ತೇನೆ, ಬೊಮ್ಮಣ್ಣನಿಗೆ ಕನಿಕರ ತೋರಿದವಳು ಇವಳಿಗೂ ತೋರುತ್ತಾಳೆ ಎಂದು. ಮನಸ್ಸು ಒಪ್ಪಿತು. ಅವತ್ತು ಚೆಲುವಿಗೆ ಸಾರನ್ನ ತಿನ್ನಿಸುತ್ತ ಹೇಳಿಕೊಟ್ಟೆ: ಯಾರಾದರೂ ಕೇಳಿದರೆ ನನಗೆ ಅವ್ವ ಇಲ್ಲ ಅನ್ನಬೇಕು, ಆಯ್ತಾ ಕಂದಾ? ಅವಳು ತುತ್ತನ್ನು ಬಾಯಲ್ಲಿಟ್ಟುಕೊಂಡೇ ನನ್ನನ್ನು ನೋಡಿದಳು.

"ಮತ್ತೆ ನೀನ್ಯಾರು?" ಎಂದಳು.

ಕಳಿಸಲಾರೆ ಎಂದು ಆಗಲೇ ತೀರ್ಮಾನವಾಯಿತು. ಹೋಗುವುದಾದರೆ ನಾನೇ ಹೋಗಬೇಕು, ಕಟ್ಟುವುದಾದರೆ ಯಾರೂ ಕಟ್ಟದಷ್ಟು ಚೆನ್ನಾಗಿ ಕಟ್ಟಬೇಕು.

ಮಾರನೆಯ ದಿನ ಬೆಳಗಾಗುತ್ತಲೇ ನನ್ನ ಗಂಡ ಸಾಲಿನಲ್ಲಿ ಜಾಗ ಹಿಡಿಯಲು ಹೋದರು. ನಾನು ಗಂಜಿ ಬಸಿದು ಆರಿಸಿ, ದಾರ ನೆನೆಸಿಟ್ಟು, ಚೆಲುವಿಯನ್ನು ಮಣೆಯ ಮೇಲೆ ಕೂರಿಸಿದೆ. ತೂತು ಆಗ ನನ್ನ ಅಂಗೈಯಗಲ ಆಗಿತ್ತು, ಅದರ ಎರಡು ಕೊನೆಗಳು ಕಿವಿಗಳ ಕಡೆಗೆ ಸಾಗುತ್ತಿದ್ದವು. ಅದನ್ನು ಮುಟ್ಟಲು ನನಗೆ ಧೈರ್ಯವಿರಲಿಲ್ಲ, ನೋಡಲೂ ಇರಲಿಲ್ಲ. ಮುಂದೆ ಕೂತು, ಮೊದಲು ಎರಡು ಕಿವಿಗೆ ಕಟ್ಟಿದೆ. ಆಮೇಲೆ ಮೂಗಿನ ಎರಡು ಹೊಳ್ಳೆಗೆ, ಮೂಗುಬೊಟ್ಟಿನ ತೂತಿಗೆ. ಬಾಯಿಗೆ ಕಟ್ಟುವ ಪದ್ಧತಿ ಇರಲಿಲ್ಲ, ಮಾತಾಡುವ ಬಾಯಿ ತನ್ನ ವಿಷಯ ತಾನೇ ಹೇಳಿಕೊಳ್ಳುತ್ತದೆ ಎನ್ನುತ್ತಿದ್ದರು. ಆದರೆ ಇಂದ್ರಿಯನ್ನು ಕಂಡ ಮೇಲೆ ನಾನು ಯಾವುದನ್ನೂ ಅದೃಷ್ಟಕ್ಕೆ ಬಿಡುವವಳಲ್ಲ. ತುಟಿಯ ಸುತ್ತ ಮೂರು ಸುತ್ತು ಕಟ್ಟಿದೆ. ಕಚಗುಳಿಯಾಗುತ್ತದೆ ಎಂದಳು. ನಗಬೇಡ ಎಂದು ಬೇಡಿಕೊಂಡೆ. ನಾಲಿಗೆ ಚಾಚಿ ಗಂಜಿಯನ್ನು ನೆಕ್ಕಿ ಉಪ್ಪಿಲ್ಲ ಎಂದಳು. ಕಟ್ಟಿ ಮುಗಿದ ಮೇಲೆ ದೊಡ್ಡತಾಯವ್ವ ಬಂದು ನೋಡಿ, ಇಷ್ಟು ಅಚ್ಚುಕಟ್ಟಾಗಿ ಕಟ್ಟಿದ್ದನ್ನು ತಾನು ಕಂಡಿಲ್ಲ ಎಂದು ಕಣ್ಣು ತುಂಬಿಕೊಂಡಳು. ಹಳದಿ ಗೆರೆಗಳ ನಡುವೆ ನನ್ನ ಮಗಳ ಮುಖ ಯಾವುದೋ ಉತ್ಸವಕ್ಕೆ ಸಿಂಗಾರ ಮಾಡಿದ ಹಾಗಿತ್ತು.

ಎತ್ತಿಕೊಂಡೇ ಹೋದೆ. ಕುಲುಕದ ಹಾಗೆ, ತುಂಬಿದ ಕೊಡ ಹೊತ್ತವಳ ನಡಿಗೆಯಲ್ಲಿ. ಅವರು ನಮ್ಮನ್ನು ಸಾಲಿನ ಮುಂದೆ ನಿಲ್ಲಿಸಿ, ಮಗಳ ಪಾದವನ್ನು ಒಂದು ಸಲ ಹಿಡಿದು, ಗಿರಣಿಗೆ ಹೋದರು. ಅಲ್ಲಿ ನಿಂತು ನೋಡುವ ಶಕ್ತಿ ಅವರಿಗೆ ಇರಲಿಲ್ಲ ಎಂದು ನನಗೆ ಗೊತ್ತು. ಬಾಗಿಲು ತೆರೆಯಿತು. ಒಳಗೆ ಗಾಜಿನ ಆಚೆ ಒಂದು ಎತ್ತರದ ಸ್ಟೂಲು, ಅದರ ಸುತ್ತ ದೀಪಗಳು. ಶರ್ವಾಣಿ ಬಂದು ಚೆಲುವಿಯನ್ನು ಕರೆದುಕೊಂಡು ಹೋಗಿ ಅದರ ಮೇಲೆ ಕೂರಿಸಿದಳು. ನನ್ನನ್ನು ಈಚೆಯ ಬೆಂಚಿನ ಮೇಲೆ ಕೂರಲು ಹೇಳಿದಳು. ಎಳೆ ವಯಸ್ಸಿನವಳು, ಕಣ್ಣ ಕೆಳಗೆ ಕಪ್ಪು. ಮಗಳ ಮುಖದ ದಾರಗಳನ್ನು ನೋಡಿ ಅವಳು ಒಂದು ಕ್ಷಣ ನಿಂತಳು. ಏನೋ ಕೇಳಬೇಕೆಂದು ತುಟಿ ತೆರೆದು, ಕೇಳದೆ, ಕಂಪ್ಯೂಟರಿನ ಮುಂದೆ ಹೋಗಿ ಕೂತಳು. ಪರದೆಯ ಮೇಲೆ ಚೆಲುವಿಯ ಆಕಾರ ಬಂತು, ಬರಿಯ ಗೆರೆಗಳ ಬಲೆ. ಕುತ್ತಿಗೆಯ ಹಿಂದೆ ಕಪ್ಪು ಬಾವಿ. ಕಿವಿ, ಮೂಗು, ಬಾಯಿಯ ಸುತ್ತ ಹಳದಿ ಉಂಗುರಗಳು ಒಂದೊಂದಾಗಿ ಹೊತ್ತಿಕೊಂಡವು.

ಗಾಜಿನಲ್ಲಿ ಮಾತು ಹೋಗಿಬರಲು ಒಂದು ಕಿಂಡಿ ಇತ್ತು. ಅದರಿಂದ ಚೆಲುವಿಯ ದನಿ ಬಂತು. ಮಕ್ಕಳು ನೆಗಡಿಯಲ್ಲಿ ದಿನಕ್ಕೆ ನೂರು ಸಲ ಹೇಳುವ ಮಾತು.

"ಅವ್ವಾ, ಮೂಗು ಕಟ್ಟೈತೆ."

ಸೆರಗಿನಿಂದ ಒರೆಸೋಣ ಎಂದು ಅಭ್ಯಾಸದಿಂದ ಎದ್ದೆ. ಎದ್ದವಳ ಕಣ್ಣು ಬಾಗಿಲ ಪಕ್ಕದ ಬೋರ್ಡಿನ ಮೇಲೆ ಬಿತ್ತು. ಕಟ್ಟಬೇಕಾದ ಅಂಚುಗಳಿಗೆ. ಕಾಲು ಅಲ್ಲೇ ನಿಂತಿತು. ಮೂಗು ಕಟ್ಟಿದೆ ಎಂದರೆ ಯಾರೂ ದಾರ ಕಟ್ಟಿದೆ ಎಂದುಕೊಳ್ಳುವುದಿಲ್ಲ. ಕಟ್ಟಿದ ಮೂಗು ಎಂದರೆ ಉಸಿರಾಡದ ಮೂಗು. ಕಟ್ಟಿದ ಕಿವಿ ಎಂದರೆ ಕೇಳದ ಕಿವಿ. ಕೊಡದ ಬಾಯಿಗೆ ನಾವು ಕಟ್ಟಿದ್ದೆವು, ಬಾಯಿ ಹೋಯಿತು. ವಾಲಗದ ತೂತುಗಳಿಗೆ ಕಟ್ಟಿದ್ದರು, ತೂತುಗಳು ಹೋದವು. ಇಂದ್ರಿಯ ಕಿವಿಗೆ ಅವಳ ಅಜ್ಜಿ ಕನ್ನಡಕ ಹಾಕಿಕೊಂಡು ಕಟ್ಟಿದ್ದಳು. ಮತ್ತೆ ಬೊಮ್ಮಣ್ಣ ಮೂಗುದಾರವನ್ನು ಸುತ್ತಿಕೊಂಡಿದ್ದು ಹರಕಿಗೆ. ತಾಯಿ ಇಲ್ಲದ್ದರಿಂದ ಅವನು ಉಳಿದದ್ದು ನಿಜ. ಕನಿಕರಕ್ಕಲ್ಲ.

ಗಾಜನ್ನು ಎರಡೂ ಕೈಯಿಂದ ಬಡಿದೆ. ಶರ್ವಾಣಿ ಬೆಚ್ಚಿ ತಿರುಗಿದಳು. ಅವಳ ಬೆರಳು ಕಂಪ್ಯೂಟರಿನ ಕೀಲಿಯ ಮೇಲಿತ್ತು.

"ಕಟ್ಟೋದು ಅಂದ್ರೆ ಏನವ್ವಾ?" ಎಂದೆ.

ಅವಳಿಗೆ ಅರ್ಥವಾಗಲಿಲ್ಲ. ಬೋರ್ಡಿನ ಕಡೆ ಕೈ ತೋರಿಸಿದೆ.

"ಮುಚ್ಚೋದು," ಎಂದಳು. "ನೀರಿಗೆ ಕಟ್ಟೆ ಕಟ್ಟಲ್ವಾ, ಹಾಗೆ. ಯಾವ ಅಂಚಿಗೆ ನೀವು ದಾರ ಹಾಕಿರ್ತೀರೋ ಅದನ್ನ ಫೈಲು ಮುಚ್ಚುತ್ತೆ. ಮಿಕ್ಕಿದ್ದನ್ನ ಮುಟ್ಟಲ್ಲ."

"ಉಳಿಸ್ಕೊಳ್ಳೋದಕ್ಕೆ ಅಲ್ವಾ ನಾವು ಕಟ್ಟೋದು? ಅದು ಬಾಯಿದಾರ ಕಣವ್ವಾ."

ಅವಳು ಕೀಲಿಯಿಂದ ಕೈ ತೆಗೆದಳು. ಹಳೆಯ ಫೈಲಿಗೆ ಗುರುತೆಂದರೆ ಬಿಡು ಎಂದರ್ಥವಿತ್ತಂತೆ, ಹೊಸದಕ್ಕೆ ಹಿಡಿ ಎಂದರ್ಥವಂತೆ. ಅದು ಅವಳಿಗೂ ಆಮೇಲೆ ಹುಡುಕಿ ನೋಡಿದಾಗಲೇ ತಿಳಿದದ್ದು. ಅವತ್ತು ಅವಳು ಹೇಳಿದ್ದು ಇಷ್ಟು: "ಮಕ್ಕಳ ಕಿವಿ ಮುಚ್ಚಿಸೋದು ನಿಮ್ಮೂರಿನ ಹರಕೆ ಏನೋ ಅಂದುಕೊಂಡಿದ್ದೆ ಅಮ್ಮಾ. ಇಲ್ಲಿಯವರ ಪದ್ಧತಿ ಬೇರೆ, ಪ್ರಶ್ನೆ ಮಾಡಬೇಡ ಅಂತ ಹೇಳಿ ಕಳಿಸಿದ್ರು. ಇವಳ ಬಾಯಿಗೂ ಕಟ್ಟಿದ್ದು ನೋಡಿ ಈ ಕೀಲಿ ಒತ್ತೋದಕ್ಕೆ ನಂಗೆ ಕೈ ಬರ್ತಿರಲಿಲ್ಲ."

ಕೈ ಬಂದಿದ್ದರೆ ಎಂದು ನಾನು ಈಗಲೂ ಪೂರ್ತಿ ಯೋಚಿಸುವುದಿಲ್ಲ. ಅನ್ನ ಕುದಿಯುತ್ತಿದ್ದರೆ ಎದ್ದುಹೋಗಿ ತಿರುವುತ್ತೇನೆ, ಕುದಿಯದಿದ್ದರೆ ಸುಮ್ಮನೆ ಸೌದೆ ಸರಿಮಾಡುತ್ತೇನೆ.

ಅವಳು ಬಾಗಿಲು ತೆರೆದಳು, ನಾನು ಒಳಗೆ ಹೋದೆ. ಬಿಚ್ಚುವುದು ಕಟ್ಟಿದಷ್ಟು ಸುಲಭವಾಗಿರಲಿಲ್ಲ. ಗಂಜಿ ಒಣಗಿ ಕಲ್ಲಾಗಿತ್ತು. ಎಳೆದರೆ ತುಟಿಯ ಅಂಚೇ ದಾರದ ಜೊತೆ ಏಳುತ್ತಿತ್ತು. ಸೆರಗಿನ ತುದಿಯನ್ನು ಬಾಯಲ್ಲಿ ಒದ್ದೆ ಮಾಡಿ, ನೆನೆಸಿ ನೆನೆಸಿ, ಕೂದಲೆಳೆಯಷ್ಟು ಕೂದಲೆಳೆಯಷ್ಟು ಬಿಡಿಸಿದೆ. ಮೂರು ಸುತ್ತು ಏಕೆ ಕಟ್ಟಿದೆನೋ ಎಂದು ಕೈ ಶಪಿಸುತ್ತಿತ್ತು. ಬಾಯಿ ಆಯಿತು, ಮೂಗು ಆಯಿತು. ಪರದೆಯ ಮೇಲೆ ಹಳದಿ ಉಂಗುರಗಳು ಒಂದೊಂದಾಗಿ ಆರಿದವು. ಒಂದು ಆರಲಿಲ್ಲ. ಎಡಕಿವಿ, ಎಂದಳು ಶರ್ವಾಣಿ, ಒಂದು ಎಳೆ ಉಳಿದಿದೆ. ನನ್ನ ಕಣ್ಣಿಗೆ ಕಾಣಲಿಲ್ಲ. ಅವಳೇ ಉಗುರಿನ ತುದಿಯಿಂದ ಎತ್ತಿದಳು.

ಈಗ ಉಳಿದದ್ದು ಬೆಳಿಗ್ಗೆ ನಾನು ಮುಟ್ಟದೆ ಬಿಟ್ಟದ್ದು. ಬಿಚ್ಚಿದ ದಾರವನ್ನೇ ಮತ್ತೆ ನೆನೆಸಿ, ಜಡೆಯನ್ನು ಅವಳ ಹೆಗಲ ಮೇಲಿಂದ ಮುಂದಕ್ಕೆ ಹಾಕಿದೆ. ಹರಕಿನ ಅಂಚು ಬೆಂದ ರೊಟ್ಟಿಯ ಅಂಚಿನ ಹಾಗೆ ಗರಿಗರಿಯಾಗಿತ್ತು, ಒತ್ತಿದರೆ ಮುರಿಯುವಂತಿತ್ತು. ದಾರವನ್ನು ಊರುತ್ತ ಬಂದಾಗ ನನ್ನ ಬೆರಳು ಒಂದು ಕಡೆ ಜಾರಿ ಒಳಗೆ ಹೋಯಿತು. ತಣ್ಣಗೂ ಇರಲಿಲ್ಲ, ಬೆಚ್ಚಗೂ ಇರಲಿಲ್ಲ. ನಾನು ಒಂಬತ್ತು ತಿಂಗಳು ಹೊತ್ತು ಹೆತ್ತ ಮೈಯೊಳಗೆ ಬೆರಳಿಟ್ಟರೆ ಏನೂ ಇಲ್ಲ.

"ಸೀನು ಬತ್ತೈತೆ," ಎಂದಳು ಚೆಲುವಿ.

ತಡೆದುಕೋ ಕಂದಾ ಎಂದೆ. ಅವಳ ಹೆಗಲು ಮೇಲೇರಿತು, ಅಂಚಿನ ತ್ರಿಕೋನಗಳು ಒಟ್ಟಿಗೆ ಎದ್ದು ನಿಂತವು. ಶರ್ವಾಣಿ ಎರಡು ಬೆರಳಿನಿಂದ ಅವಳ ಮೂಗಿನ ಕೆಳಗೆ ಒತ್ತಿ ಹಿಡಿದಳು. ಬಲಗಡೆಯ ಸೀಳು ಕಿವಿಯ ಹಿಂದಿನವರೆಗೂ ಹೋಗಿತ್ತು, ದಾರ ಸಾಲುವುದೋ ಇಲ್ಲವೋ ಎಂದು ನನಗೆ ಗೊತ್ತಿರಲಿಲ್ಲ. ಮೂರು ಸುತ್ತಿನ ದಾರ ಬಿಚ್ಚಿದ್ದರಿಂದ ಸಾಲಿತು. ಕೊನೆಗೆ ಕೊನೆ ಕೂಡಿಸಿ ಒತ್ತಿದೆ. ಪರದೆಯ ಮೇಲೆ ಕಪ್ಪು ಬಾವಿಯ ಸುತ್ತ ಒಂದೇ ಒಂದು ಹಳದಿ ಉಂಗುರ ಹೊತ್ತಿತು. ಶರ್ವಾಣಿ ಓಡಿಹೋಗಿ ಕೀಲಿ ಒತ್ತಿದಳು.

ಹೊಲಿಗಮ್ಮ ಬಂದದ್ದು ನನಗೆ ಕಾಣಲಿಲ್ಲ, ಫೈಲು ಓಡುವುದು ಯಾರಿಗೂ ಕಾಣುವುದಿಲ್ಲ. ದೀಪಗಳು ಮಂಕಾದವು, ಮತ್ತೆ ಬೆಳಗಿದವು. ಚೆಲುವಿ ಸ್ಟೂಲಿನ ಮೇಲೆ ಹಾಗೇ ಕೂತಿದ್ದಳು. ಕುತ್ತಿಗೆಯ ಹಿಂದೆ ನೋಡಿದೆ, ಗೋಡೆ ಕಾಣಲಿಲ್ಲ. ಚರ್ಮ ಇತ್ತು. ಮುಂದೆ ಬಂದು ನೋಡಿದೆ. ತುಟಿ ಒಂದರ ಮೇಲೊಂದು ಕೂತಿತ್ತು, ಅವುಗಳ ನಡುವಿನ ಗೆರೆ ನಿಜವಾದ ಗೆರೆಯೋ, ಮೇಲೆ ಬರೆದದ್ದೋ ತಿಳಿಯಲಿಲ್ಲ. ಮಾತಾಡು ಎಂದೆ. ಅವಳು ಕಣ್ಣು ಕಿರಿದು ಮಾಡಿ ನನ್ನನ್ನೇ ನೋಡಿದಳು. ಏನಾದರೂ ಹೇಳು ಮಗಳೇ ಎಂದೆ. ಹೇಳಲಿಲ್ಲ. ಮೂಗು ಸುಕ್ಕುಗಟ್ಟಿತು, ಗದ್ದ ನಡುಗಿತು, ಹೆಗಲು ಮೇಲೇರಿತು. ನಾನು ಎರಡೂ ಕೈಯಿಂದ ಅವಳ ಕುತ್ತಿಗೆಯನ್ನು ಹಿಡಿದೆ.

ಅವಳು ಸೀನಿದಳು. ಅಷ್ಟು ಹೊತ್ತಿನಿಂದ ತಡೆದಿಟ್ಟ ಸೀನು, ಕಿಂಡಿಯ ಗಾಜು ಅದುರಿತು. ನನ್ನ ಕೈಯೊಳಗೆ ಕುತ್ತಿಗೆ ಕುಲುಕಿತು, ಬಿರಿಯಲಿಲ್ಲ.

"ಅವ್ವಾ," ಎಂದಳು, "ಇನ್ನೂ ಮೂಗು ಕಟ್ಟೈತೆ."

ಸೆರಗಿನಲ್ಲಿ ಸಿಂಬಳ ಒರೆಸಿದೆ. ಮತ್ತೆ ಮತ್ತೆ ಒರೆಸಿದೆ, ಏನೂ ಉಳಿಯದ ಮೇಲೂ.

ಬೋರ್ಡನ್ನು ಶರ್ವಾಣಿ ಅವತ್ತೇ ಅಳಿಸಿದಳು. ಅಳಿಸಿದರೆ ಸಾಲಲಿಲ್ಲ. ಈ ಹುಡುಗಿ ಹೊಸಬಳು, ಅವಳ ಮಾತು ಕೇಳಿ ಕಿವಿಗೆ ಕಟ್ಟದೆ ಹರಕಿಗೆ ಕಟ್ಟುವುದೇ, ಹರಕೇ ಉಳಿದುಬಿಟ್ಟರೆ ಎಂದು ಬೀದಿ ಕೇಳಿತು. ಚೆಲುವಿಯನ್ನು ತೋರಿಸಿದರೂ ಕೆಲವರು ನಂಬಲಿಲ್ಲ. ಅದಕ್ಕೇ ಬೆಳಗಿನ ಕೆಲಸ ಮುಗಿಸಿ, ಒಂದು ಬಟ್ಟಲಿನಲ್ಲಿ ಬಿಸಿನೀರು ತೆಗೆದುಕೊಂಡು ನಾನು ಆಫೀಸಿನ ಸಾಲಿನ ಹತ್ತಿರ ಹೋಗಿ ನಿಲ್ಲುತ್ತೇನೆ. ತಾಯಂದಿರು ಬೈಯುತ್ತಾರೆ, ಮಕ್ಕಳ ಮುಖವನ್ನು ಸೆರಗಿನಲ್ಲಿ ಬಚ್ಚಿಡುತ್ತಾರೆ. ಬೇಡಿಕೊಂಡು, ನೆನೆಸಿ, ಬಿಚ್ಚುತ್ತೇನೆ.

ದೊಡ್ಡತಾಯವ್ವನಿಗೆ ಹೇಳುವುದು ಎಲ್ಲಕ್ಕಿಂತ ಕಷ್ಟವಾಯಿತು. ದವಡೆಯ ಹರಕನ್ನು ಈಗ ಹೊಲಿಸಬಹುದು, ಮುಚ್ಚಿದ್ದನ್ನು ತೆರೆಯುವ ಫೈಲು ಮಾತ್ರ ಈ ಲೈಬ್ರರಿಯಲ್ಲಿ ಇಲ್ಲ, ಬರೆಯುವವರಿಗೆ ಹೇಳಿ ಕಳಿಸಿದ್ದೇನೆ ಎಂದು ಶರ್ವಾಣಿ ಹೇಳಿದ್ದಳು. ಅದನ್ನೂ ಸೇರಿಸಿ ಹೇಳಿದೆ. ಮುದುಕಿ ಅಕ್ಕಿ ಆರಿಸುತ್ತಿದ್ದವಳು ಮೊರವನ್ನು ಕೆಳಗಿಟ್ಟಳು. ಅಂಗಳದಲ್ಲಿ ಇಂದ್ರಿ ನಮ್ಮ ತುಟಿಗಳನ್ನು ನೋಡುತ್ತಿದ್ದಳು.

"ಅಂಗಾದ್ರೆ ನಾನೇ ಹೊಲ್ದೆನಾ?" ಎಂದಳು, ಮೊಮ್ಮಗಳಿಗೆ ಕಾಣದಂತೆ ಬಾಯಿಗೆ ಸೆರಗು ಅಡ್ಡ ಹಿಡಿದು.

ನಾನು ಮೊರವನ್ನು ಎಳೆದುಕೊಂಡು ಅವಳ ಅಕ್ಕಿ ಆರಿಸಿದೆ.

ಚೆಲುವಿ ಈಗ ಓಡುತ್ತಾಳೆ, ನಗುತ್ತಾಳೆ. ಕುತ್ತಿಗೆಯ ಹಿಂದೆ ಹೊಲಿದ ಜಾಗದಲ್ಲಿ ಕೆಲವೇ ದೊಡ್ಡ ಮುಖಗಳಿವೆ, ಚಪ್ಪಟೆಯಾಗಿ, ಗುಬ್ಬಚ್ಚಿಯ ಬೆನ್ನಿನ ಹಾಗೆ. ಅಲ್ಲಿ ಮೊದಲಿದ್ದ ಎಳೆಕೂದಲು ಹುಟ್ಟುವುದಿಲ್ಲ. ಎಣ್ಣೆ ಹಚ್ಚುವಾಗ ಬೆರಳಿಗೆ ಅದರ ಅಂಚು ತಿಳಿಯುತ್ತದೆ. ಎರಡು ಜಡೆ ಹಾಕು ಎಂದು ಹಟ ಮಾಡುತ್ತಾಳೆ, ಹಾಕುತ್ತೇನೆ. ಆದರೆ ಪ್ರತಿ ಬೆಳಿಗ್ಗೆ ಕೂದಲನ್ನು ಎರಡು ಪಾಲು ಮಾಡಿ, ಬೈತಲೆಯನ್ನು ಹಿಂದಿನವರೆಗೂ ಎಳೆದು, ಅಲ್ಲಿ ಗೋಡೆ ಕಾಣುತ್ತದೆಯೋ ಎಂದು ಬಗ್ಗಿ ನೋಡುವ ಆ ಒಂದು ಗಳಿಗೆ ನನ್ನ ಉಸಿರು ಕಟ್ಟುತ್ತದೆ.